ಲೆಕ್ಕಕ್ಕೂ ಒಂದು ಸನದ್ ಇದೆ

"ಕಂಪ್ಯೂಟರನ್ನು ಕಂಡುಹಿಡಿದವರು ಮುಸ್ಲಿಮರು" ಎಂಬ ಸಂದೇಶ ನಮ್ಮ ಮೊಬೈಲ್‌ಗಳಿಗೆ ಆಗಾಗ ಬಂದು ಬೀಳುತ್ತದೆ. ಪೇಟ ಸುತ್ತಿದ ಒಬ್ಬ ವಿದ್ವಾಂಸರ ಚಿತ್ರ, ಕೆಳಗೆ ಅಲ್ ಖ್ವಾರಿಝ್ಮಿ ಎಂಬ ಹೆಸರು, ಕೊನೆಗೆ "ಹತ್ತು ಜನರಿಗೆ ಕಳುಹಿಸಿ" ಎಂಬ ಸೂಚನೆ. ಇನ್ನೊಂದು ಕಡೆಯಿಂದ ಬೇರೆಯದೇ ಮಾತು ಬರುತ್ತದೆ: "ಮುಸ್ಲಿಮರು ವಿಜ್ಞಾನಕ್ಕೆ ಏನನ್ನೂ ಕೊಟ್ಟಿಲ್ಲ." ಮೊದಲನೆಯದನ್ನು ಓದಿ ನಮ್ಮ ಯುವಕರು ಹಿಗ್ಗುತ್ತಾರೆ, ಎರಡನೆಯದನ್ನು ಓದಿ ಕುಗ್ಗುತ್ತಾರೆ. ಜುಮಾ ಮುಗಿದ ಮೇಲೆ ಕೆಲವರು ಹತ್ತಿರ ಬಂದು, "ಉಸ್ತಾದ್, ಇದರಲ್ಲಿ ನಿಜ ಯಾವುದು?" ಎಂದು ಕೇಳುವುದುಂಟು.

ಇದನ್ನು ಪರೀಕ್ಷಿಸುವ ವಿಧಾನ ನಮ್ಮ ಮದ್ರಸಗಳಲ್ಲೇ ಇದೆ. ಒಂದು ಹದೀಸ್ ಮುಂದೆ ಬಂದಾಗ ಮುಹದ್ದಿಸ್‌ಗಳು ಮೊದಲು ನೋಡುವುದು ಅದರ ಸನದನ್ನು. ಯಾರು ಯಾರಿಂದ ಕೇಳಿದರು, ಅವರಿಬ್ಬರೂ ಭೇಟಿಯಾಗಿದ್ದರೇ, ನಡುವಿನ ಕೊಂಡಿ ಎಲ್ಲಾದರೂ ತಪ್ಪಿದೆಯೇ ಎಂದು ವಿಚಾರಿಸುತ್ತಾರೆ. ಕೊಂಡಿ ತಪ್ಪಿದ್ದರೆ ಅದು ಮುನ್‌ಖತಿಅ್. ನಡುವಿನ ವ್ಯಕ್ತಿಯ ಹೆಸರನ್ನು ಬೇಕೆಂದೇ ಮರೆಮಾಚಿದ್ದರೆ ಅದು ತದ್‌ಲೀಸ್. ಮಾತು ಎಷ್ಟೇ ಚೆನ್ನಾಗಿರಲಿ, ನಮ್ಮ ಮನಸ್ಸಿಗೆ ಎಷ್ಟೇ ಹಿತವಾಗಿರಲಿ, ಸನದ್ ಇಲ್ಲದೆ ಅದಕ್ಕೆ ಬೆಲೆಯಿಲ್ಲ. ಈ ಅಳತೆಗೋಲನ್ನು ಕಂಪ್ಯೂಟರಿನ ಇತಿಹಾಸಕ್ಕೆ ಹಿಡಿದು ನೋಡಿದರೆ ಮೇಲಿನ ಎರಡು ಸಂದೇಶಗಳೂ ನಿಲ್ಲುವುದಿಲ್ಲ. ಅವೆರಡಕ್ಕಿಂತಲೂ ದೊಡ್ಡದಾದ ಒಂದು ಕಥೆ ನಮ್ಮ ಕೈಗೆ ಸಿಗುತ್ತದೆ.

ಭಾರತದಿಂದ ಬಗ್ದಾದಿಗೆ

ಈ ಸನದಿನ ಆರಂಭದ ಕೊಂಡಿಗಳಲ್ಲಿ ಒಂದು ನಮ್ಮ ದೇಶದಲ್ಲೇ ಇದೆ. ಕ್ರಿ.ಶ. 628ರಲ್ಲಿ ಬ್ರಹ್ಮಗುಪ್ತರು ಬ್ರಾಹ್ಮಸ್ಫುಟಸಿದ್ಧಾಂತ ಎಂಬ ಗ್ರಂಥದಲ್ಲಿ ಸೊನ್ನೆಯನ್ನು ಒಂದು ಸಂಖ್ಯೆಯಾಗಿ ಪರಿಗಣಿಸಿ, ಅದನ್ನು ಕೂಡಿಸುವ, ಕಳೆಯುವ, ಗುಣಿಸುವ ನಿಯಮಗಳನ್ನು ಬರೆದಿಟ್ಟರು. ಅದು ಪ್ರವಾದಿವರ್ಯರು(ಸ) ಮದೀನಾದಲ್ಲಿದ್ದ ಕಾಲ. ಸುಮಾರು ಒಂದೂವರೆ ಶತಮಾನದ ನಂತರ, ಖಲೀಫ ಅಲ್ ಮನ್ಸೂರರ ಆಳ್ವಿಕೆಯಲ್ಲಿ, ಭಾರತದ ಖಗೋಳ ಗಣಿತ ಬಗ್ದಾದನ್ನು ತಲುಪಿತು. ಅರಬರು ಅದನ್ನು ಸಿಂದ್‌ಹಿಂದ್ ಎಂದು ಕರೆದು ಅನುವಾದಿಸಿಕೊಂಡರು. ಒಂಬತ್ತು ಅಂಕಿಗಳು ಮತ್ತು ಒಂದು ಸೊನ್ನೆಯಿಂದ ಎಷ್ಟು ದೊಡ್ಡ ಸಂಖ್ಯೆಯನ್ನಾದರೂ ಬರೆಯಬಹುದು ಎಂಬ ವಿದ್ಯೆ ಹೀಗೆ ಅರಬರ ಕೈಗೆ ಬಂತು.

ಖಲೀಫ ಅಲ್ ಮಅ್‌ಮೂನ್ ಆಳಿದ್ದು 813ರಿಂದ 833ರವರೆಗೆ. ಬಗ್ದಾದಿನ ಬೈತುಲ್ ಹಿಕ್ಮಾದಲ್ಲಿ ಗ್ರೀಕ್, ಸಿರಿಯಾಕ್, ಪಾರ್ಸಿ, ಸಂಸ್ಕೃತ ಜ್ಞಾನವೆಲ್ಲ ಅರಬಿಗೆ ಇಳಿಯುತ್ತಿದ್ದ ಕಾಲವದು. ಅಲ್ಲಿ ದುಡಿದವರಲ್ಲಿ ಮುಹಮ್ಮದ್ ಬಿನ್ ಮೂಸಾ ಅಲ್ ಖ್ವಾರಿಝ್ಮಿ ಒಬ್ಬರು. ಅವರು ಭಾರತೀಯ ಅಂಕಿಗಳಿಂದ ಲೆಕ್ಕ ಮಾಡುವ ಕ್ರಮದ ಬಗ್ಗೆ ಒಂದು ಪುಸ್ತಕ ಬರೆದರು. ಈ ವಿದ್ಯೆ ನನ್ನದು ಎಂದು ಅವರು ಹೇಳಿಕೊಳ್ಳಲಿಲ್ಲ, ಭಾರತೀಯರದು ಎಂದೇ ಬರೆದರು. ಆ ಪುಸ್ತಕದ ಅರಬಿ ಮೂಲ ಇಂದು ಉಳಿದಿಲ್ಲ, ಲ್ಯಾಟಿನ್ ಅನುವಾದ ಮಾತ್ರ ಉಳಿದಿದೆ. ಲ್ಯಾಟಿನ್ ಬಾಯಲ್ಲಿ ಅಲ್ ಖ್ವಾರಿಝ್ಮಿ ಎಂಬುದು ಅಲ್ಗೊರಿಝ್ಮಿ ಆಯಿತು. ಅದರಿಂದಲೇ ಇಂದಿನ ಅಲ್ಗಾರಿದಮ್ ಎಂಬ ಪದ ಹುಟ್ಟಿತು. ಅವರ ಇನ್ನೊಂದು ಪುಸ್ತಕದ ಹೆಸರಿನಲ್ಲಿದ್ದ ಅಲ್ ಜಬ್ರ್ ಎಂಬ ಪದವೇ ಶಾಲೆಯಲ್ಲಿ ನಮ್ಮ ಮಕ್ಕಳು ಕಲಿಯುವ ಆಲ್ಜೀಬ್ರಾ.

ಅದೇ ಕಾಲದಲ್ಲಿ ನಮ್ಮ ನಾಡಿನಲ್ಲೂ ಗಣಿತ ಬೆಳೆಯುತ್ತಿತ್ತು. ಈಗಿನ ಕಲಬುರಗಿ ಜಿಲ್ಲೆಯ ಮಳಖೇಡ ಆಗ ರಾಷ್ಟ್ರಕೂಟರ ರಾಜಧಾನಿ ಮಾನ್ಯಖೇಟ. ಅಮೋಘವರ್ಷ ನೃಪತುಂಗನ ಕಾಲದಲ್ಲಿ ಜೈನ ವಿದ್ವಾಂಸ ಮಹಾವೀರಾಚಾರ್ಯರು ಗಣಿತಸಾರಸಂಗ್ರಹ ಎಂಬ ಗ್ರಂಥ ರಚಿಸಿದರು. 851ರಲ್ಲಿ ದಾಖಲಾದ ಸುಲೈಮಾನ್ ಎಂಬ ಅರಬ್ ವರ್ತಕನ ವೃತ್ತಾಂತದಲ್ಲಿ ಈ ರಾಷ್ಟ್ರಕೂಟ ದೊರೆಯನ್ನು ಬಲ್‌ಹರಾ ಎಂದು ಕರೆದು, ಜಗತ್ತಿನ ನಾಲ್ವರು ದೊಡ್ಡ ಅರಸರಲ್ಲಿ ಒಬ್ಬನೆಂದು ಎಣಿಸಲಾಗಿದೆ. ಉಳಿದ ಮೂವರಲ್ಲಿ ಬಗ್ದಾದಿನ ಖಲೀಫರೂ ಒಬ್ಬರು. ಮಹಾವೀರಾಚಾರ್ಯರ ಪುಸ್ತಕ ಬಗ್ದಾದಿಗೆ ಹೋಯಿತೆಂದಾಗಲಿ ಖ್ವಾರಿಝ್ಮಿಯವರ ಪುಸ್ತಕ ಮಳಖೇಡಕ್ಕೆ ಬಂತೆಂದಾಗಲಿ ಹೇಳಲು ಆಧಾರವಿಲ್ಲ. ಆದರೆ ಇಬ್ಬರ ಲೆಕ್ಕದ ಹಲಗೆಯ ಮೇಲೂ ಇದ್ದದ್ದು ಅದೇ ಅಂಕಿಗಳು, ಅದೇ ಸೊನ್ನೆ.

ಫರಾಇಝ್‌ನಲ್ಲಿ ಅಲ್ಗಾರಿದಮ್

ಅಲ್ಗಾರಿದಮ್ ಎಂದರೇನು? ಸಾಮಾನ್ಯರಿಗೆ ಇದನ್ನು ವಿವರಿಸಲು ದೂರ ಹೋಗಬೇಕಾಗಿಲ್ಲ. ಖ್ವಾರಿಝ್ಮಿಯವರು ತಮ್ಮ ಅಲ್ ಜಬ್ರ್ ಪುಸ್ತಕವನ್ನು ಬರೆದದ್ದು ಜನರಿಗೆ ವಾರಸು, ವಸಿಯ್ಯತ್, ಪಾಲು, ವ್ಯಾಪಾರ, ಜಮೀನಿನ ಅಳತೆ, ಕಾಲುವೆ ತೋಡುವ ಕೆಲಸ ಮುಂತಾದವುಗಳಲ್ಲಿ ನೆರವಾಗಲೆಂದು. ಪುಸ್ತಕದ ಒಂದು ದೊಡ್ಡ ಭಾಗವೇ ವಾರಸು ಮತ್ತು ವಸಿಯ್ಯತ್ತಿನ ಲೆಕ್ಕಗಳಿಗೆ ಮೀಸಲು.

ಒಂದು ಉದಾಹರಣೆ ನೋಡೋಣ. ಒಬ್ಬರು ಪತ್ನಿ, ತಾಯಿ, ಒಬ್ಬ ಮಗ ಮತ್ತು ಇಬ್ಬರು ಹೆಣ್ಣುಮಕ್ಕಳನ್ನು ಬಿಟ್ಟು ತೀರಿಕೊಂಡರು. ಸಾಲವೂ ವಸಿಯ್ಯತ್ತೂ ಮುಗಿದ ಮೇಲೆ ಉಳಿದ ಆಸ್ತಿಯಲ್ಲಿ ಪತ್ನಿಗೆ ಎಂಟನೇ ಒಂದು, ತಾಯಿಗೆ ಆರನೇ ಒಂದು. ಇವೆರಡಕ್ಕೂ ಹೊಂದುವ ಸಂಖ್ಯೆ 24. ಪತ್ನಿಗೆ 3 ಪಾಲು, ತಾಯಿಗೆ 4 ಪಾಲು ಹೋದರೆ ಉಳಿದದ್ದು 17. ಗಂಡಿಗೆ ಎರಡು, ಹೆಣ್ಣಿಗೆ ಒಂದರಂತೆ ಮಕ್ಕಳಿಗೆ ನಾಲ್ಕು ಪಾಲು ಮಾಡಬೇಕು. 17ನ್ನು ನಾಲ್ಕರಿಂದ ಭಾಗಿಸಿದರೆ ಸರಿಯಾಗಿ ಬರುವುದಿಲ್ಲ. ಆದ್ದರಿಂದ 24ನ್ನು ನಾಲ್ಕರಿಂದ ಗುಣಿಸಿ 96 ಮಾಡುತ್ತೇವೆ. ಆಗ ಪತ್ನಿಗೆ 12, ತಾಯಿಗೆ 16, ಮಗನಿಗೆ 34, ಹೆಣ್ಣುಮಕ್ಕಳಿಗೆ ತಲಾ 17. ಕೂಡಿಸಿದರೆ ಸರಿಯಾಗಿ 96.

ಇಲ್ಲಿ ನಡೆದದ್ದೇನು? ಮೊದಲು ಇದು, ನಂತರ ಇದು, ಹೀಗಾದರೆ ಹೀಗೆ ಮಾಡು, ಹಾಗಾದರೆ ಹಾಗೆ ಮಾಡು ಎಂಬ ಮೆಟ್ಟಿಲುಗಳು. ಲೆಕ್ಕ ಮಾಡುವವರು ಮಂಗಳೂರಿನವರಾಗಲಿ ಮೊರಾಕ್ಕೊದವರಾಗಲಿ, ಶ್ರೀಮಂತರ ಕಡೆಯವರಾಗಲಿ ಬಡವರ ಕಡೆಯವರಾಗಲಿ, ಮೆಟ್ಟಿಲು ತಪ್ಪದಿದ್ದರೆ ಉತ್ತರ ಒಂದೇ. ಇದೇ ಅಲ್ಗಾರಿದಮ್. ಈ ಮೆಟ್ಟಿಲುಗಳನ್ನು ಏರಲು ಕೊನೆಗೆ ಮನುಷ್ಯನೇ ಬೇಕಾಗಿಲ್ಲ, ಯಂತ್ರಕ್ಕೂ ವಹಿಸಬಹುದು ಎಂದು ಮನುಷ್ಯ ಕಂಡುಕೊಂಡದ್ದೇ ಕಂಪ್ಯೂಟರ್.

ಇಂದು ವಾರಸಿನ ಪಾಲನ್ನು ಕ್ಷಣದಲ್ಲಿ ಹೇಳುವ ಆ್ಯಪ್‌ಗಳು ಬಂದಿವೆ. ಪಾಲು ಎಷ್ಟೆಂದು ತಿಳಿಯಲಿಲ್ಲ ಎಂಬ ನೆಪ ಇನ್ನು ಯಾರಿಗೂ ಇಲ್ಲ. ಆದರೂ ಅಕ್ಕತಂಗಿಯರ ಆ 17 ಪಾಲು ಎಷ್ಟೋ ಮನೆಗಳಲ್ಲಿ ಇನ್ನೂ ಅವರ ಕೈ ಸೇರಿಲ್ಲ. ಯಂತ್ರ ಲೆಕ್ಕ ಮಾಡಿ ಕೊಡುತ್ತದೆ, ಕೊಡಬೇಕಾದವರು ನಾವು.

ಮಸೀದಿಯ ಲೆಕ್ಕಿಗರು

ನಮಾಝಿನ ಸಮಯ, ಕಿಬ್ಲಾದ ದಿಕ್ಕು, ಚಾಂದ್ರಮಾನ ತಿಂಗಳ ಆರಂಭ — ಈ ಮೂರೂ ಲೆಕ್ಕ ಬೇಡುವ ವಿಷಯಗಳು. ಹೀಗಾಗಿ ದೊಡ್ಡ ಮಸೀದಿಗಳಲ್ಲಿ ಮುವಖ್ಖಿತ್ ಎಂಬ ಒಂದು ಹುದ್ದೆಯೇ ಇತ್ತು. ಸಮಯದ ಲೆಕ್ಕವನ್ನು ನೋಡಿಕೊಳ್ಳುವವನೇ ಮುವಖ್ಖಿತ್. ದಮಾಸ್ಕಸ್‌ನ ಉಮಯ್ಯದ್ ಮಸೀದಿಯ ಮುವಖ್ಖಿತ್ ಆಗಿದ್ದ ಇಬ್ನು ಶಾತಿರ್ ಖಗೋಳದ ದೊಡ್ಡ ವಿದ್ವಾಂಸರು. 1371ರಲ್ಲಿ ಅವರು ಆ ಮಸೀದಿಯ ಮಿನಾರಕ್ಕಾಗಿ ಒಂದು ನೆರಳು ಗಡಿಯಾರ ಮಾಡಿದರು. ಗೆರೆಗಳ ಮೇಲೆ ನೆರಳು ಬೀಳುವ ಜಾಗ ನೋಡಿ ನಮಾಝಿನ ವೇಳೆಯನ್ನು ತಿಳಿಯಬಹುದಿತ್ತು. ಇಂದು ನಮ್ಮ ಮಸೀದಿಗಳ ಗೋಡೆಯ ಮೇಲೆ ಕೆಂಪು ಅಂಕಿಗಳಲ್ಲಿ ಐದು ವೇಳೆಗಳನ್ನು ತೋರಿಸುವ ಡಿಜಿಟಲ್ ಗಡಿಯಾರ ಮಾಡುವುದು ಅದೇ ಕೆಲಸವನ್ನೇ.

ಸಮರ್ಖಂದ್‌ನಲ್ಲಿ ಉಲೂಗ್ ಬೇಗ್ ಕಟ್ಟಿಸಿದ ಖಗೋಳ ವೀಕ್ಷಣಾಲಯದಲ್ಲಿ ಜಮ್ಶೀದ್ ಅಲ್ ಕಾಶಿ ಕೆಲಸ ಮಾಡುತ್ತಿದ್ದರು. ವೃತ್ತದ ಸುತ್ತಳತೆಗೂ ವ್ಯಾಸಕ್ಕೂ ಇರುವ ಸಂಬಂಧವನ್ನು, ಅಂದರೆ ನಾವು ಪೈ ಎನ್ನುವ ಸಂಖ್ಯೆಯನ್ನು, 1424ರಲ್ಲಿ ಅವರು ದಶಮಾಂಶದ 16 ಸ್ಥಾನಗಳಷ್ಟು ನಿಖರವಾಗಿ ಲೆಕ್ಕ ಹಾಕಿದರು. ಇಷ್ಟು ನಿಖರವಾದ ಉತ್ತರವನ್ನು ಇನ್ನೊಬ್ಬರು ಮೀರಿಸಲು 1596ರವರೆಗೆ ಕಾಯಬೇಕಾಯಿತು. ಗ್ರಹಗಳ ಸ್ಥಾನವನ್ನು ಪ್ರತಿ ಸಲ ಹೊಸದಾಗಿ ಲೆಕ್ಕ ಮಾಡುವ ಶ್ರಮ ತಪ್ಪಿಸಲು ತಟ್ಟೆಯಾಕಾರದ ಒಂದು ಸಾಧನವನ್ನೂ ಕಾಶಿ ರೂಪಿಸಿದ್ದರು.

ಹೋಲಿಕೆ ಸನದ್ ಅಲ್ಲ

ಇಲ್ಲಿಯವರೆಗೆ ಹೇಳಿದ್ದರಲ್ಲಿ ಖ್ವಾರಿಝ್ಮಿಯವರ ಕೊಂಡಿ ಗಟ್ಟಿಯಾದದ್ದು. 12ನೇ ಶತಮಾನದಲ್ಲಿ ಸ್ಪೇನ್‌ನಲ್ಲಿ ಅವರ ಪುಸ್ತಕಗಳು ಲ್ಯಾಟಿನ್‌ಗೆ ಹೋದವು. ಇಟಲಿಯ ಫಿಬೊನಾಚ್ಚಿ ಹುಡುಗನಾಗಿದ್ದಾಗ ಈಗಿನ ಅಲ್ಜೀರಿಯಾದ ಬಿಜಾಯಾ ಬಂದರಿನಲ್ಲಿ ಭಾರತೀಯ ಅಂಕಿಗಳನ್ನು ಕಲಿತು, 1202ರಲ್ಲಿ ಅದರ ಬಗ್ಗೆ ದೊಡ್ಡ ಗ್ರಂಥ ಬರೆದ. ಕೊಟ್ಟವರ ಹೆಸರು, ಪಡೆದವರ ಹೆಸರು ಎರಡೂ ನಮಗೆ ಗೊತ್ತು.

ಆದರೆ ಎಲ್ಲ ಕಡೆಯೂ ಹೀಗಿಲ್ಲ. 9ನೇ ಶತಮಾನದ ಬಗ್ದಾದಿನಲ್ಲಿ ಬನೂ ಮೂಸಾ ಎಂಬ ಮೂವರು ಸಹೋದರರು ತನ್ನಿಂದ ತಾನೇ ನುಡಿಯುವ ಒಂದು ಕೊಳಲಿನ ಯಂತ್ರವನ್ನು ವಿವರಿಸಿದರು. ಒಂದು ಉರುಳೆಯ ಮೇಲೆ ಮೊಳೆಗಳಿದ್ದವು. ಉರುಳೆ ತಿರುಗಿದಂತೆ ಮೊಳೆಗಳು ಕೊಳಲಿನ ರಂಧ್ರಗಳನ್ನು ತೆರೆಯುತ್ತಿದ್ದವು. ಮೊಳೆಗಳ ಜಾಗ ಬದಲಿಸಿದರೆ ರಾಗವೂ ಬದಲಾಗುತ್ತಿತ್ತು. 1206ರಲ್ಲಿ, ಈಗಿನ ತುರ್ಕಿಯ ದಿಯಾರ್‌ಬಕೀರ್‌ನಲ್ಲಿ, ಅಲ್ ಜಝರಿ ತಮ್ಮ ಯಂತ್ರಗಳ ಪುಸ್ತಕವನ್ನು ಮುಗಿಸಿದರು. ಅದರಲ್ಲಿರುವ ಆನೆ ಗಡಿಯಾರ ಪ್ರಸಿದ್ಧ. ಆನೆಯ ಹೊಟ್ಟೆಯೊಳಗೆ ನೀರಿನ ತೊಟ್ಟಿ, ಅದರಲ್ಲಿ ತೂತಿರುವ ಬಟ್ಟಲು. ಬಟ್ಟಲು ತುಂಬಿ ಮುಳುಗಲು ಅರ್ಧ ಗಂಟೆ. ಆಗ ಹಕ್ಕಿ ಕೂಗುತ್ತದೆ, ಗುಂಡು ಸರ್ಪದ ಬಾಯಿಗೆ ಬೀಳುತ್ತದೆ, ಮಾವುತ ಕೈ ಎತ್ತುತ್ತಾನೆ, ಬಟ್ಟಲು ಮತ್ತೆ ಮೇಲೇಳುತ್ತದೆ. ಇನ್ನು ಅಲ್ ಕಿಂದಿ ಗುಪ್ತಲಿಪಿಯನ್ನು ಒಡೆಯುವ ವಿಧಾನ ಬರೆದರು. ಒಂದು ಭಾಷೆಯಲ್ಲಿ ಯಾವ ಅಕ್ಷರ ಎಷ್ಟು ಸಲ ಬರುತ್ತದೆ ಎಂದು ಎಣಿಸಿ, ಗುಪ್ತ ಪತ್ರದಲ್ಲಿ ಅಷ್ಟೇ ಸಲ ಬರುವ ಗುರುತನ್ನು ಅದಕ್ಕೆ ಹೊಂದಿಸುವುದು. ಈ ವಿಧಾನದ ಬಗ್ಗೆ ನಮಗೆ ತಿಳಿದಿರುವ ಮೊದಲ ಬರಹ ಅವರದೇ.

ಇವೆಲ್ಲ ಸತ್ಯ, ಹೆಮ್ಮೆಪಡಬೇಕಾದ ಸತ್ಯ. ಆದರೆ ಇಲ್ಲಿಂದ ಒಂದು ಜಿಗಿತ ಜಿಗಿದು, ಬನೂ ಮೂಸಾರ ಕೊಳಲಿನಿಂದಲೇ ಕಂಪ್ಯೂಟರ್ ಪ್ರೋಗ್ರಾಂ ಬಂತು, ಕಿಂದಿಯವರ ಹಸ್ತಪ್ರತಿ ಓದಿಯೇ ಎರಡನೇ ಮಹಾಯುದ್ಧದ ಗೂಢಲಿಪಿ ಒಡೆದರು ಎಂದು ಹೇಳಿದರೆ ಅದು ಮುನ್‌ಖತಿಅ್. ಕಿಂದಿಯವರ ಆ ಹಸ್ತಪ್ರತಿ ಇಸ್ತಾಂಬುಲ್‌ನ ಗ್ರಂಥಾಲಯವೊಂದರಲ್ಲಿ ಸಿಕ್ಕಿ ವಿದ್ವಾಂಸರ ಗಮನಕ್ಕೆ ಬಂದದ್ದೇ 20ನೇ ಶತಮಾನದ ಕೊನೆಯ ಭಾಗದಲ್ಲಿ. ಎರಡು ವಿಷಯಗಳು ಒಂದನ್ನೊಂದು ಹೋಲುತ್ತವೆ ಎಂದ ಮಾತ್ರಕ್ಕೆ ಒಂದರಿಂದ ಇನ್ನೊಂದು ಬಂತು ಎನ್ನಲಾಗದು.

ತಪ್ಪು ಒಂದೇ ಕಡೆ ಇಲ್ಲ. ಗ್ರೀಸ್‌ನಿಂದ ನೇರವಾಗಿ ನವಯುಗದ ಯುರೋಪಿಗೆ ಹಾರಿ, ನಡುವಿನ ಬಗ್ದಾದ್, ಕುರ್ತುಬಾ, ಸಮರ್ಖಂದ್‌ಗಳನ್ನೂ ಭಾರತವನ್ನೂ ಒಂದು ಸಾಲಿನಲ್ಲಿ ಮುಗಿಸುವ ಪುಸ್ತಕಗಳು ಬೇಕಾದಷ್ಟಿವೆ. ಅದು ತದ್‌ಲೀಸ್. ಅವರ ತದ್‌ಲೀಸ್‌ಗೆ ನಮ್ಮ ಉತ್ಪ್ರೇಕ್ಷೆ ಉತ್ತರವಾಗದು. ಸಾಕ್ಷ್ಯ ಹೇಳುವಾಗ ನ್ಯಾಯದ ಪರವಾಗಿ ನಿಲ್ಲಬೇಕು, ಅದು ಸ್ವತಃ ನಮ್ಮ ವಿರುದ್ಧವೇ ಆದರೂ — ಇದು ನಮ್ಮ ದೀನ್ ಕಲಿಸಿದ ಪಾಠ. ಇತಿಹಾಸ ಹೇಳುವುದೂ ಒಂದು ಸಾಕ್ಷ್ಯವೇ.

ಕೊಂಡಿ ಕಡಿದ ಜಾಗ

ಆ ನ್ಯಾಯ ನಮ್ಮಿಂದ ಇನ್ನೊಂದು ಕಹಿ ಮಾತನ್ನೂ ಕೇಳುತ್ತದೆ. ಇಷ್ಟು ಮುಂದಿದ್ದವರು ಹಿಂದೆ ಬಿದ್ದದ್ದು ಹೇಗೆ? ಇದಕ್ಕೆ ಯುದ್ಧ, ವ್ಯಾಪಾರ ಮಾರ್ಗಗಳ ಬದಲಾವಣೆ, ವಸಾಹತು ಆಳ್ವಿಕೆ ಎಂದು ಹಲವು ಕಾರಣಗಳಿವೆ. ಎಲ್ಲವನ್ನೂ ಇಲ್ಲಿ ಹೇಳಲಾಗದು. ಒಂದು ಘಟನೆಯನ್ನು ಮಾತ್ರ ನೆನಪಿಸುತ್ತೇನೆ.

ದಮಾಸ್ಕಸ್‌ನಲ್ಲಿ ಹುಟ್ಟಿದ ತಖಿಯ್ಯುದ್ದೀನ್ ಮದ್ರಸದಲ್ಲಿ ಓದಿದ ಆಲಿಮರು, ಕಾಝಿಯಾಗಿ ಕೆಲಸ ಮಾಡಿದವರು. ಗಣಿತ, ಖಗೋಳ, ಯಂತ್ರವಿದ್ಯೆ ಮೂರರಲ್ಲೂ ನಿಪುಣರು. ಹಲ್ಲುಚಕ್ರಗಳ ಗಡಿಯಾರಗಳ ಬಗ್ಗೆ ಪುಸ್ತಕ ಬರೆದು, ಖಗೋಳ ವೀಕ್ಷಣೆಗೆ ಬಳಸಬಹುದಾದಷ್ಟು ನಿಖರವಾದ ಗಡಿಯಾರವನ್ನು ಮಾಡಿದರು. ಅವರ ಮಾತಿನಂತೆ ಸುಲ್ತಾನ್ ಮೂರನೇ ಮುರಾದ್ ಇಸ್ತಾಂಬುಲ್‌ನಲ್ಲಿ ಒಂದು ವೀಕ್ಷಣಾಲಯ ಕಟ್ಟಿಸಿದ. ಅದು ಕೆಲಸ ಆರಂಭಿಸಿದ್ದು 1577ರಲ್ಲಿ. ಅದೇ ಸುಮಾರಿಗೆ ಡೆನ್ಮಾರ್ಕ್‌ನಲ್ಲಿ ಟೈಕೊ ಬ್ರಾಹೆ ತನ್ನ ವೀಕ್ಷಣಾಲಯ ಕಟ್ಟುತ್ತಿದ್ದ. ಡೆನ್ಮಾರ್ಕ್‌ನಲ್ಲಿ ಇಪ್ಪತ್ತು ವರ್ಷ ಕೆಲಸ ನಡೆಯಿತು, ಆ ದಾಖಲೆಗಳಿಂದ ಕೆಪ್ಲರ್ ಗ್ರಹಗಳ ನಿಯಮಗಳನ್ನು ಕಂಡುಹಿಡಿದ. ಇಸ್ತಾಂಬುಲ್‌ನದನ್ನು 1580ರ ಜನವರಿಯಲ್ಲಿ ಸುಲ್ತಾನನ ಆಜ್ಞೆಯಂತೆ ಕೆಡವಿ ಹಾಕಲಾಯಿತು. ಅರಮನೆಯ ರಾಜಕೀಯವೂ ಧರ್ಮದ ಹೆಸರಿನಲ್ಲಿ ಎದ್ದ ಆಕ್ಷೇಪವೂ ಅದರಲ್ಲಿ ಕೂಡಿಕೊಂಡಿದ್ದವು.

ಕಟ್ಟಿಸಿದವರೂ ನಮ್ಮವರು, ಕೆಡವಿದವರೂ ನಮ್ಮವರು. ಕಟ್ಟಿದ್ದನ್ನು ಮಾತ್ರ ಹೇಳಿ ಕೆಡವಿದ್ದನ್ನು ಮುಚ್ಚಿಟ್ಟರೆ ಅದೂ ತದ್‌ಲೀಸ್ ಆಗುತ್ತದೆ. ಅಚ್ಚಿನ ಮನೆಯ ಕಥೆಯೂ ಹೀಗೆಯೇ. ಯುರೋಪಿನಲ್ಲಿ 15ನೇ ಶತಮಾನದ ನಡುವಿನಿಂದ ಪುಸ್ತಕಗಳು ಅಚ್ಚಾಗುತ್ತಿದ್ದವು. ಇಸ್ತಾಂಬುಲ್‌ನಲ್ಲಿ ಇಬ್ರಾಹೀಮ್ ಮುತಫರ್ರಿಕಾ ಎಂಬವರಿಗೆ ಅರಬಿ ಲಿಪಿಯಲ್ಲಿ ಪುಸ್ತಕ ಅಚ್ಚು ಹಾಕಲು ಅನುಮತಿ ಸಿಕ್ಕಿದ್ದು 1727ರಲ್ಲಿ. ಜ್ಞಾನ ಕೈಯಿಂದ ಕೈಗೆ ದಾಟುವ ವೇಗವೇ ಬದಲಾಗಿದ್ದ ಆ ಕಾಲದಲ್ಲಿ ಸುಮಾರು ಮುನ್ನೂರು ವರ್ಷಗಳ ವಿಳಂಬ ಸಣ್ಣದಲ್ಲ.

ಲೆಕ್ಕ ಯಂತ್ರವಾದ ಕಥೆ

ಮುಂದಿನ ಕೊಂಡಿಗಳನ್ನು ಬೆಸೆದವರು ಯುರೋಪಿನವರು. ಅವರ ಶ್ರಮಕ್ಕೆ ಸಲ್ಲಬೇಕಾದ ಮರ್ಯಾದೆ ಸಲ್ಲಿಸೋಣ. ಫ್ರಾನ್ಸಿನ ಪಾಸ್ಕಲ್ 1642ರಲ್ಲಿ ಕೂಡಿಸುವ, ಕಳೆಯುವ ಯಂತ್ರದ ಕೆಲಸ ಆರಂಭಿಸಿದಾಗ ಅವನಿಗೆ ಇನ್ನೂ ಇಪ್ಪತ್ತು ತುಂಬಿರಲಿಲ್ಲ. ತೆರಿಗೆ ಲೆಕ್ಕದಲ್ಲಿ ದಣಿಯುತ್ತಿದ್ದ ತಂದೆಗೆ ನೆರವಾಗುವುದು ಅವನ ಉದ್ದೇಶ. ಜರ್ಮನಿಯ ಲೈಬ್ನಿಟ್ಸ್, ಒಂದು ಮತ್ತು ಸೊನ್ನೆ ಎರಡೇ ಅಂಕಿಗಳಿಂದ ಎಲ್ಲ ಲೆಕ್ಕ ಮಾಡಬಹುದೆಂದು ತೋರಿಸಿದ. 1804ರ ಸುಮಾರಿಗೆ ಜಕಾರ್ಡ್ ಎಂಬ ಫ್ರೆಂಚ್ ನೇಕಾರ ತೂತು ಹೊಡೆದ ರಟ್ಟುಗಳಿಂದ ಮಗ್ಗಕ್ಕೆ ಚಿತ್ತಾರ ಹೇಳಿಕೊಟ್ಟ. ಇಂಗ್ಲೆಂಡಿನ ಚಾರ್ಲ್ಸ್ ಬ್ಯಾಬೇಜ್ ಆ ರಟ್ಟಿನ ವಿದ್ಯೆಯನ್ನು ಲೆಕ್ಕಕ್ಕೆ ತಂದು, 1830ರ ದಶಕದಲ್ಲಿ ಯಾವ ಲೆಕ್ಕವನ್ನಾದರೂ ಮಾಡಬಲ್ಲ ಒಂದು ಯಂತ್ರದ ನಕ್ಷೆ ಹಾಕಿದ. ಅದು ಅವನ ಜೀವಮಾನದಲ್ಲಿ ಪೂರ್ತಿಯಾಗಲೇ ಇಲ್ಲ. ಆ ಯಂತ್ರದಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಲೆಕ್ಕ ನಡೆಸುವ ಕ್ರಮವನ್ನು 1843ರಲ್ಲಿ ಬರೆದು ಪ್ರಕಟಿಸಿದ್ದು ಏಡಾ ಲವ್‌ಲೇಸ್ ಎಂಬ ಮಹಿಳೆ.

1854ರಲ್ಲಿ ಜಾರ್ಜ್ ಬೂಲ್ ಹೌದು–ಅಲ್ಲ ಎಂಬ ತರ್ಕವನ್ನೇ ಬೀಜಗಣಿತದ ರೂಪಕ್ಕೆ ತಂದ. 1936ರಲ್ಲಿ ಅಲನ್ ಟ್ಯೂರಿಂಗ್, ಅಲ್ಗಾರಿದಮ್ಮಿನಿಂದ ಏನು ಸಾಧ್ಯ, ಏನು ಸಾಧ್ಯವಿಲ್ಲ ಎಂಬುದರ ಮಿತಿಯನ್ನೇ ಗಣಿತದಿಂದ ಗುರುತಿಸಿದ. 1937ರಲ್ಲಿ ಅಮೆರಿಕದ ವಿದ್ಯಾರ್ಥಿ ಕ್ಲಾಡ್ ಶಾನನ್, ಬೂಲ್‌ನ ಹೌದು–ಅಲ್ಲ ಎಂಬುದನ್ನು ವಿದ್ಯುತ್ ಸ್ವಿಚ್ಚಿನ ಆನ್–ಆಫ್‌ನಿಂದ ಮಾಡಬಹುದೆಂದು ತೋರಿಸಿದ. ಹೀಗೆ ಲೆಕ್ಕವೂ ವಿದ್ಯುತ್ತೂ ಒಂದಾದವು.

ಸ್ವಿಚ್ಚಿನ ಕೆಲಸಕ್ಕೆ ಆಗ ಇದ್ದದ್ದು ಗಾಜಿನ ವಾಲ್ವ್‌ಗಳು. ನಮ್ಮ ಹಿರಿಯರ ಮನೆಗಳ ಹಳೆಯ ರೇಡಿಯೊಗಳಲ್ಲಿ ಕೆಂಪಗೆ ಉರಿಯುತ್ತಿದ್ದವಲ್ಲ, ಅವೇ. 1946ರಲ್ಲಿ ಅಮೆರಿಕದಲ್ಲಿ ಲೋಕಕ್ಕೆ ತೋರಿಸಿದ ಎನಿಯಾಕ್ ಎಂಬ ಕಂಪ್ಯೂಟರಿನಲ್ಲಿ ಸುಮಾರು 18,000 ವಾಲ್ವ್‌ಗಳಿದ್ದವು. ಅದರ ತೂಕ ಸುಮಾರು 30 ಟನ್, ಒಂದು ದೊಡ್ಡ ಕೋಣೆಯನ್ನೇ ತುಂಬುತ್ತಿತ್ತು. ವಾಲ್ವ್‌ಗಳು ಆಗಾಗ ಸುಡುತ್ತಿದ್ದವು. ಅದಕ್ಕೆ ಲೆಕ್ಕಗಳನ್ನು ಹೊಂದಿಸಿಕೊಟ್ಟ ಮೊದಲ ತಂಡದಲ್ಲಿದ್ದವರು ಆರು ಮಂದಿ ಮಹಿಳೆಯರು. 1947ರ ಡಿಸೆಂಬರ್‌ನಲ್ಲಿ ಬೆಲ್ ಲ್ಯಾಬ್ಸ್ ಎಂಬ ಸಂಶೋಧನಾ ಸಂಸ್ಥೆಯಲ್ಲಿ ಬಾರ್ಡೀನ್ ಮತ್ತು ಬ್ರಾಟೇನ್ ವಾಲ್ವಿನ ಕೆಲಸ ಮಾಡುವ ಪುಟ್ಟ ಟ್ರಾನ್ಸಿಸ್ಟರ್ ಅನ್ನು ಜರ್ಮೇನಿಯಂ ಹರಳಿನಲ್ಲಿ ಮಾಡಿ ತೋರಿಸಿದರು. ಅವರಿಬ್ಬರಿಗೂ ಶಾಕ್ಲಿಗೂ 1956ರ ನೊಬೆಲ್ ಪ್ರಶಸ್ತಿ ಬಂತು.

ಪೋರ್ಟ್ ಸಯೀದ್ ಮತ್ತು ಸಿಯೋಲ್

ಇಲ್ಲಿ ನಮ್ಮ ಯುವಕರಿಗೆ ಗೊತ್ತೇ ಇಲ್ಲದ ಒಂದು ಹೆಸರು ಬರುತ್ತದೆ. ಖ್ವಾರಿಝ್ಮಿಯವರ ಚಿತ್ರ ಹಂಚುವವರು ಈ ಹೆಸರನ್ನು ಹಂಚಿದ್ದನ್ನು ನಾನು ನೋಡಿಲ್ಲ.

ಮುಹಮ್ಮದ್ ಅತಾವುಲ್ಲಾ — ಅಮೆರಿಕದವರ ಬಾಯಲ್ಲಿ ಅಟಾಲಾ — 1924ರಲ್ಲಿ ಈಜಿಪ್ಟಿನ ಪೋರ್ಟ್ ಸಯೀದ್‌ನಲ್ಲಿ ಹುಟ್ಟಿದರು. ಕೈರೋ ವಿಶ್ವವಿದ್ಯಾಲಯದಲ್ಲಿ ಓದಿ, ಅಮೆರಿಕದ ಪರ್ಡ್ಯೂ ವಿಶ್ವವಿದ್ಯಾಲಯದಲ್ಲಿ ಡಾಕ್ಟರೇಟ್ ಪಡೆದು, 1949ರಲ್ಲಿ ಬೆಲ್ ಲ್ಯಾಬ್ಸ್ ಸೇರಿದರು. ಆಗ ಟ್ರಾನ್ಸಿಸ್ಟರ್‌ಗೆ ಸಿಲಿಕಾನ್ ಬಳಸಲು ಒಂದು ದೊಡ್ಡ ಅಡ್ಡಿ ಇತ್ತು. ಸಿಲಿಕಾನಿನ ಮೇಲ್ಮೈಯಲ್ಲಿ ಎಲೆಕ್ಟ್ರಾನ್‌ಗಳು ಸಿಕ್ಕಿಬೀಳುತ್ತಿದ್ದವು, ಹೊರಗಿನಿಂದ ವಿದ್ಯುತ್ ಬಲ ಹಾಕಿದರೂ ಒಳಗೆ ತಲುಪುತ್ತಿರಲಿಲ್ಲ. ಅದೇ ಸಂಸ್ಥೆಯ ಫ್ರಾಶ್ ಮತ್ತು ಡೆರಿಕ್ ಸಿಲಿಕಾನಿನ ಮೇಲೆ ಅದರದೇ ಆಕ್ಸೈಡಿನ ಪದರ ಬೆಳೆಸಬಹುದೆಂದು ಮೊದಲೇ ಕಂಡಿದ್ದರು. ಅತಾವುಲ್ಲಾ ಅವರ ತಂಡ ಆ ಪದರವನ್ನು ಬಿಸಿಯಲ್ಲಿ ಶುದ್ಧವಾಗಿ ಬೆಳೆಸಿ, ಅದು ಮೇಲ್ಮೈಯ ತೊಂದರೆಯನ್ನು ಬಹುಮಟ್ಟಿಗೆ ನೀಗಿಸುತ್ತದೆ ಎಂದು ತೋರಿಸಿತು.

1959ರಲ್ಲಿ ಅವರು ದಕ್ಷಿಣ ಕೊರಿಯಾದ ಸಿಯೋಲ್‌ನಿಂದ ಬಂದಿದ್ದ ದಾವೊನ್ ಕಾಂಗ್ ಜೊತೆ ಸೇರಿ ಹೊಸ ಬಗೆಯ ಟ್ರಾನ್ಸಿಸ್ಟರ್ ಮಾಡಿದರು. ಅದರ ಹೆಸರು ಮಾಸ್‌ಫೆಟ್. ಅದರ ಕೆಲಸವನ್ನು ಕಾಲುವೆಯ ತೂಬಿಗೆ ಹೋಲಿಸಬಹುದು. ಒಂದು ತುದಿಯಿಂದ ಇನ್ನೊಂದು ತುದಿಗೆ ವಿದ್ಯುತ್ ಹರಿಯುವ ಸಣ್ಣ ಕಾಲುವೆ. ಅದರ ಮೇಲೆ ಆಕ್ಸೈಡಿನ ತೆಳು ಪದರ, ಪದರದ ಮೇಲೆ ಒಂದು ಲೋಹದ ಬಾಗಿಲು. ಬಾಗಿಲಿಗೆ ವೋಲ್ಟೇಜ್ ಕೊಟ್ಟರೆ ಕೆಳಗಿನ ಕಾಲುವೆ ತೆರೆಯುತ್ತದೆ, ತೆಗೆದರೆ ಮುಚ್ಚುತ್ತದೆ. ತೆರೆದರೆ ಒಂದು, ಮುಚ್ಚಿದರೆ ಸೊನ್ನೆ. ಬ್ರಹ್ಮಗುಪ್ತರು ನಿಯಮ ಬರೆದ ಆ ಸೊನ್ನೆಗೆ ಇಲ್ಲೊಂದು ಸಿಲಿಕಾನಿನ ಮನೆ ಸಿಕ್ಕಿತು.

ಇಲ್ಲೂ ಸನದ್ ಪೂರ್ತಿ ಹೇಳಬೇಕು. ಇಂಥ ಸಾಧನದ ಮೂಲ ಕಲ್ಪನೆಗೆ ಲಿಲಿಯೆನ್‌ಫೆಲ್ಡ್ ಎಂಬ ವಿಜ್ಞಾನಿ 1920ರ ದಶಕದಲ್ಲೇ ಪೇಟೆಂಟ್ ಅರ್ಜಿ ಹಾಕಿದ್ದ. ಅದನ್ನು ಕೆಲಸ ಮಾಡುವಂತೆ ಮಾಡಿದವರು ಈ ಇಬ್ಬರು. ಆಗಿನ ಇತರ ಟ್ರಾನ್ಸಿಸ್ಟರ್‌ಗಳಿಗಿಂತ ನಿಧಾನವಾಗಿದ್ದುದರಿಂದ ಅವರ ಸಂಸ್ಥೆಯೇ ಮೊದಲಿಗೆ ಇದಕ್ಕೆ ಹೆಚ್ಚಿನ ಬೆಲೆ ಕೊಡಲಿಲ್ಲ. ಆದರೆ ಒಂದೇ ಸಿಲಿಕಾನ್ ಚೂರಿನ ಮೇಲೆ ಒತ್ತೊತ್ತಾಗಿ ಕೂರಿಸಲು ಇದಕ್ಕಿಂತ ಅನುಕೂಲವಾದದ್ದು ಇರಲಿಲ್ಲ. 1971ರಲ್ಲಿ ಇಂಟೆಲ್ ಹೊರತಂದ 4004 ಎಂಬ ಮೈಕ್ರೊಪ್ರೊಸೆಸರ್‌ನಲ್ಲಿ ಇಂಥ ಸುಮಾರು 2,300 ತೂಬುಗಳಿದ್ದವು. ಇಂದು ನಮ್ಮ ಜೇಬಿನಲ್ಲಿರುವ ಫೋನಿನ ಚಿಪ್‌ನಲ್ಲಿ ನೂರಾರು ಕೋಟಿ ಇವೆ.

ಅತಾವುಲ್ಲಾ ಅಲ್ಲಿಗೇ ನಿಲ್ಲಲಿಲ್ಲ. 1970ರ ದಶಕದಲ್ಲಿ ತಮ್ಮದೇ ಕಂಪನಿ ಆರಂಭಿಸಿ, ಬ್ಯಾಂಕ್ ಗ್ರಾಹಕರ ರಹಸ್ಯ ಸಂಖ್ಯೆಯನ್ನು ಗುಪ್ತಲಿಪಿಯಲ್ಲಿ ಕಾಪಾಡುವ ಪೆಟ್ಟಿಗೆಯನ್ನು ರೂಪಿಸಿದರು. ಎಟಿಎಂಗಳಲ್ಲಿ ನಾವು ಪಿನ್ ಒತ್ತಿದಾಗ ಅದು ಕಳ್ಳರ ಕೈಗೆ ಸಿಗದಂತೆ ಕಾಯುವ ವ್ಯವಸ್ಥೆ ಬೆಳೆದು ಬಂದ ದಾರಿಯಲ್ಲಿ ಅವರ ಪೆಟ್ಟಿಗೆಗೆ ದೊಡ್ಡ ಸ್ಥಾನವಿದೆ. ಜನರ ಅಮಾನತ್ ಕಾಯುವ ಕೆಲಸವದು. 2009ರಲ್ಲಿ ಅಮೆರಿಕದ ರಾಷ್ಟ್ರೀಯ ಆವಿಷ್ಕಾರಕರ ಗೌರವ ಪಟ್ಟಿಯಲ್ಲಿ ಅವರ ಹೆಸರೂ, ಆಗಲೇ ತೀರಿಕೊಂಡಿದ್ದ ಕಾಂಗ್ ಹೆಸರೂ ಒಟ್ಟಿಗೆ ಸೇರಿದವು. ಅದೇ ವರ್ಷದ ಕೊನೆಯಲ್ಲಿ ಅತಾವುಲ್ಲಾ ಕೂಡ ತೀರಿಕೊಂಡರು.

ನಮ್ಮ ಬಾಗಿಲಲ್ಲೇ

ಈ ಸನದ್ ನಮ್ಮ ರಾಜ್ಯವನ್ನೂ ಹಾದುಹೋಗಿದೆ. ಬೆಂಗಳೂರಿನ ಜಾಲಹಳ್ಳಿಯಲ್ಲಿ ಭಾರತ್ ಎಲೆಕ್ಟ್ರಾನಿಕ್ಸ್ ಹುಟ್ಟಿದ್ದು 1954ರಲ್ಲಿ. ನಮ್ಮ ಮತವನ್ನು ಎಣಿಸುವ ಯಂತ್ರವನ್ನು ತಯಾರಿಸುವ ಎರಡು ಸಂಸ್ಥೆಗಳಲ್ಲಿ ಅದೂ ಒಂದು. 1985ರಲ್ಲಿ ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್ ಬೆಂಗಳೂರಿನಲ್ಲಿ ವಿನ್ಯಾಸ ಕೇಂದ್ರ ತೆರೆಯಿತು. ಆಮೇಲಿನದು ಎಲ್ಲರಿಗೂ ಗೊತ್ತಿರುವ ಕಥೆ.

ಕನ್ನಡ ಅಕ್ಷರಗಳು ಕಂಪ್ಯೂಟರಿಗೆ ಇಳಿದ ಕಥೆಯಲ್ಲಿ ಕಿನ್ನಿಕಂಬಳ ಪದ್ಮನಾಭ ರಾವ್, ಅಂದರೆ ಕೆ.ಪಿ. ರಾವ್ ಅವರ ಹೆಸರನ್ನು ಮರೆಯುವಂತಿಲ್ಲ. ಉಚ್ಚಾರಣೆಗೆ ತಕ್ಕಂತೆ ಕನ್ನಡ ಬೆರಳಚ್ಚಿಸುವ ಕೀಲಿಮಣೆಯ ವಿನ್ಯಾಸವನ್ನು ಅವರು ರೂಪಿಸಿ ಎಲ್ಲರ ಬಳಕೆಗೆ ಮುಕ್ತವಾಗಿ ಬಿಟ್ಟುಕೊಟ್ಟರು. ನುಡಿ ತಂತ್ರಾಂಶದಲ್ಲಿರುವುದು ಅದೇ ವಿನ್ಯಾಸ. ಇಂದು ಕನ್ನಡದಲ್ಲಿ ಖುತ್ಬಾದ ಸಾರಾಂಶವನ್ನು ಟೈಪ್ ಮಾಡುವ ನಮ್ಮಂಥವರ ಬೆರಳುಗಳ ಮೇಲೂ ಅವರ ಋಣವಿದೆ. ಕಲಿತದ್ದನ್ನು ಬಚ್ಚಿಡದೆ ಹಂಚಿದವರು ಯಾವ ಸಮುದಾಯದವರೇ ಆಗಲಿ, ಅವರಿಗೆ ಕೃತಜ್ಞತೆ ಸಲ್ಲಿಸುವುದು ಈಮಾನ್ ಉಳ್ಳವರ ನಡತೆ.

ಇನ್ನು ನಮ್ಮ ಪಾಲಿನ ಕೆಲಸ

ಸನದನ್ನು ಓದುವಾಗ ಮುಹದ್ದಿಸ್‌ಗಳು ತಮ್ಮ ಗುರುವಿನ ಹೆಸರು ಹೇಳಿ ನಿಲ್ಲಿಸುವುದಿಲ್ಲ. ಅವರಿಂದ ಮುಂದೆ ಕಲಿಯುವ ಶಿಷ್ಯನೊಬ್ಬ ಎದುರು ಕುಳಿತಿರುತ್ತಾನೆ. ಶಿಷ್ಯನಿಲ್ಲದ ಸನದ್ ಅಲ್ಲಿಗೇ ಮುಗಿಯಿತು. ಖ್ವಾರಿಝ್ಮಿ ನಮ್ಮ ಹಿರಿಯರು ಎಂಬುದು ನಿಜ. ಆದರೆ ಹಿರಿಯರ ಜ್ಞಾನ ಜಮೀನಿನಂತೆ ರಕ್ತಸಂಬಂಧದಿಂದ ವಾರಸಾಗಿ ಬರುವುದಿಲ್ಲ. ಅದಕ್ಕೆ ಪಾಲು ಹಾಕುವ ಫರಾಇಝ್ ಇಲ್ಲ. ಯಾರು ಕುಳಿತು ಕಲಿತರೋ ಅವರದು. ಇಟಲಿಯ ಹುಡುಗ ಬಿಜಾಯಾದಲ್ಲಿ ಕಲಿತ, ಅದು ಅವನದಾಯಿತು. ಈಜಿಪ್ಟಿನ ಹುಡುಗ ಪರ್ಡ್ಯೂದಲ್ಲಿ ಕಲಿತ, ಅದು ಅವನದಾಯಿತು.

ನಮ್ಮ ಮದ್ರಸಗಳಿಗೂ ಲೆಕ್ಕ ಅಪರಿಚಿತವಾಗಿರಲಿಲ್ಲ. 18ನೇ ಶತಮಾನದಲ್ಲಿ ಲಕ್ನೋದ ಮುಲ್ಲಾ ನಿಝಾಮುದ್ದೀನರು ರೂಪಿಸಿದ ದರ್ಸೆ ನಿಝಾಮಿ ಪಠ್ಯಕ್ರಮದಲ್ಲಿ ಬಹಾಉದ್ದೀನ್ ಆಮಿಲಿಯವರ ಖುಲಾಸತುಲ್ ಹಿಸಾಬ್ ಎಂಬ ಗಣಿತ ಪುಸ್ತಕವಿತ್ತು, ಯೂಕ್ಲಿಡ್‌ನ ರೇಖಾಗಣಿತದ ಪಾಠವೂ ಇತ್ತು. ಕಾಲಕ್ರಮದಲ್ಲಿ ಎಷ್ಟೋ ಕಡೆ ಅವು ಕಪಾಟು ಸೇರಿದವು. ಇಂದು ಮದ್ರಸದ ಒಂದು ಕೋಣೆಯಲ್ಲಿ ನಾಲ್ಕು ಕಂಪ್ಯೂಟರ್ ಇಟ್ಟು, ಫರಾಇಝ್ ಕಲಿಯುವ ಮಕ್ಕಳಿಗೆ ಅದೇ ಮೆಟ್ಟಿಲುಗಳನ್ನು ಪ್ರೋಗ್ರಾಂ ಆಗಿ ಬರೆಯಲು ಕಲಿಸಿದರೆ ಹೊಸದೇನನ್ನೂ ತಂದಂತಾಗುವುದಿಲ್ಲ, ನಮ್ಮದೇ ಹಳೆಯ ಪಾಠಕ್ಕೆ ಮರಳಿದಂತಾಗುತ್ತದೆ. ಎಸೆಸೆಲ್ಸಿಯಲ್ಲಿ ಗಣಿತದಲ್ಲಿ ಒಳ್ಳೆಯ ಅಂಕ ಪಡೆದ ಹೆಣ್ಣುಮಗಳನ್ನು "ಇನ್ನು ಸಾಕು" ಎಂದು ಮನೆಯಲ್ಲಿ ಕೂರಿಸುವ ಮುನ್ನ, ಆ ಮಗು ಯಾವ ಸನದಿನ ಮುಂದಿನ ಕೊಂಡಿಯಾಗಬಹುದಿತ್ತು ಎಂದು ತಂದೆತಾಯಿ ಒಮ್ಮೆ ಯೋಚಿಸಲಿ. ಜಮಾಅತಿನಲ್ಲಿ ಫೀಸಿಗೆ ಪರದಾಡುವ ಇಂಜಿನಿಯರಿಂಗ್ ವಿದ್ಯಾರ್ಥಿ ಇದ್ದಾನೆಯೇ ಎಂದು ಶ್ರೀಮಂತರು ಒಮ್ಮೆ ವಿಚಾರಿಸಲಿ.

ಅರಬಿಯಲ್ಲಿ ಕಂಪ್ಯೂಟರಿಗೆ ಹಾಸೂಬ್ ಎಂಬ ಹೆಸರಿದೆ. ಹಿಸಾಬ್ ಎಂಬ ಪದದಿಂದಲೇ ಅದು ಬಂದದ್ದು. ಅಂಗಡಿಯ ಲೆಕ್ಕಕ್ಕೂ ಹಿಸಾಬ್ ಎನ್ನುತ್ತೇವೆ, ಕಿಯಾಮತ್ತಿನ ದಿನದ ವಿಚಾರಣೆಗೂ ಹಿಸಾಬ್ ಎನ್ನುತ್ತೇವೆ. ಆ ದಿನ ನಮ್ಮನ್ನು ಕೇಳಲಾಗುವುದು ಖ್ವಾರಿಝ್ಮಿ ಏನು ಮಾಡಿದರು ಎಂದಲ್ಲ. ಅವರ ಹಿಸಾಬ್ ಅವರದು. ನಮಗೆ ಕೊಟ್ಟ ಬುದ್ಧಿ, ಸಮಯ, ಸಂಪತ್ತನ್ನು ನಾವು ಏನು ಮಾಡಿದೆವು ಎಂಬುದಷ್ಟೇ ನಮ್ಮ ಮುಂದಿನ ಪ್ರಶ್ನೆ.

ಮುಂದಿನ ಸಲ ಆ ಸಂದೇಶ ಮೊಬೈಲಿಗೆ ಬಂದಾಗ ಹತ್ತು ಜನರಿಗೆ ಕಳುಹಿಸುವ ಬದಲು, ಮನೆಯಲ್ಲಿರುವ ಒಂದು ಮಗುವಿನ ಗಣಿತದ ಪುಸ್ತಕವನ್ನು ತೆರೆದು ಪಕ್ಕದಲ್ಲಿ ಕುಳಿತುಕೊಳ್ಳಿ.

ಪ್ರಯೋಜನಕಾರಿ ಜ್ಞಾನವನ್ನೂ, ಸತ್ಯವನ್ನು ಸತ್ಯವೆಂದೇ ಹೇಳುವ ಧೈರ್ಯವನ್ನೂ, ಹಕ್ಕುದಾರರಿಗೆ ಅವರ ಹಕ್ಕನ್ನು ಕೊಡುವ ಮನಸ್ಸನ್ನೂ ಅಲ್ಲಾಹನು ನಮಗೆಲ್ಲರಿಗೂ ಕರುಣಿಸಲಿ. ಆಮೀನ್.